ಬಲಗಡೆ ಹಾಡಿದವಳು

ಆ ರೆಕಾರ್ಡು ಈಗ ಹಳೆ ಸಾಮಾನಿನ ಅಂಗಡಿಗಳಲ್ಲಿ ಮಾತ್ರ ಸಿಗುತ್ತದೆ. ಕವರಿನ ಮೇಲೆ ಒಬ್ಬ ಗಾಯಕ, ಒಬ್ಬ ಗಾಯಕಿ ಬೆನ್ನಿಗೆ ಬೆನ್ನು ಕೊಟ್ಟು ನಿಂತಿದ್ದಾರೆ. ಪ್ರಶಸ್ತಿ ಗೆದ್ದ ಹತ್ತು ಸಿನಿಮಾ ಹಾಡುಗಳನ್ನು ಆರಿಸಿ, ಗಿಟಾರು ಡ್ರಮ್ಮು ಸೇರಿಸಿ, ಇಬ್ಬರೂ ಕೂಡಿ ಹೊಸದಾಗಿ ಹಾಡಿದ ಪಾಪ್ ಆಲ್ಬಂ ಅದು. ಕೂಡಿ ಎಂದರೆ ಅಷ್ಟೇನೂ ಕೂಡಿ ಅಲ್ಲ. ಒಬ್ಬರ ಮುಖ ಕಂಡರೆ ಇನ್ನೊಬ್ಬರಿಗೆ ಆಗುತ್ತಿರಲಿಲ್ಲ. ಆ ಹೊತ್ತಿಗೆ ಸ್ಟೀರಿಯೋ ಬಂದದ್ದರಿಂದ ಮಾನ ಉಳಿಯಿತು. ಅಣ್ಣತಮ್ಮಂದಿರಿಗೆ ಮನೆ ಪಾಲು ಮಾಡಿದಂತೆ ಕಂಪನಿಯವರು ಅವನ ಧ್ವನಿಯನ್ನು ಎಡಕ್ಕೆ, ಅವಳ ಧ್ವನಿಯನ್ನು ಬಲಕ್ಕೆ ಹಾಕಿ ಕೈ ತೊಳೆದುಕೊಂಡರು. ಜಗಳ ತೀರಿತು. ಕಷ್ಟ ಬಂದದ್ದು ಕವರಿನ ಮೇಲೆ ಎಲ್ಲೂ ಹೆಸರಿಲ್ಲದ ಮೂರನೆಯವಳಿಗೆ.

ರೆಕಾರ್ಡು ಒತ್ತುವ ಕಾರ್ಖಾನೆಯಲ್ಲಿ ಅವಳನ್ನು ಎಲ್ಲರೂ ಕಿವಿಯಕ್ಕ ಎನ್ನುತ್ತಿದ್ದರು. ಹೇಳುವವರು ಕೇಳುವವರು ಇಲ್ಲದ ಕಾರ್ಖಾನೆ ಎಂದು ಹೊರಗಿನವರು ಆಡಿಕೊಳ್ಳುತ್ತಿದ್ದರು. ಹೇಳುವವರ ವಿಚಾರ ಬಿಡಿ, ಕೇಳುವವಳು ಒಬ್ಬಳಂತೂ ಹತ್ತೊಂಬತ್ತು ವರ್ಷದಿಂದ ಇದ್ದಳು. ಕೆಳಗಿನ ಯಂತ್ರದಲ್ಲಿ ನೂರು ರೆಕಾರ್ಡು ಒತ್ತಿದ ಮೇಲೆ ಒಂದು ಅವಳ ಕೋಣೆಗೆ ಬರುತ್ತಿತ್ತು. ಗೋಡೆಗೆಲ್ಲ ದಪ್ಪ ಬಟ್ಟೆ ಹೊಡೆದ ಕೋಣೆ. ಒಂದು ಮೇಜು, ಒಂದು ಕುರ್ಚಿ, ತಿರುಗುವ ತಟ್ಟೆ, ಹೆಡ್‌ಫೋನು. ಮೊದಲಿನಿಂದ ಕೊನೆಯವರೆಗೆ ಕೇಳಿ, ಚಟಪಟ ಸದ್ದು, ಗೊರಗೊರ ಏನೂ ಇಲ್ಲದಿದ್ದರೆ ಕವರಿನ ಮೂಲೆಗೆ ಸೀಮೆಸುಣ್ಣದಲ್ಲಿ ಟಿಕ್ ಹಾಕುವಳು. ಆ ಟಿಕ್ಕಿಲ್ಲದೆ ನೂರರಲ್ಲಿ ಒಂದೂ ಲಾರಿ ಹತ್ತುವಂತಿರಲಿಲ್ಲ.

ಆದರೆ ಎರಡು ವರ್ಷದಿಂದ ಕಿವಿಯಕ್ಕನ ಬಲಗಿವಿ ಕಿವುಡಾಗಿತ್ತು. ಮಂದವಲ್ಲ, ಪೂರ್ತಿ. ಯಾರಿಗೂ ಹೇಳಿರಲಿಲ್ಲ. ಕ್ಯಾಂಟೀನಿನಲ್ಲಿ ಬಲಕ್ಕೆ ಗೋಡೆ ಇರುವ ಜಾಗವನ್ನೇ ಹಿಡಿಯುತ್ತಿದ್ದಳು. ಯಾರಾದರೂ ಬಲಗಡೆಯಿಂದ ಮಾತಾಡಿಸಿದರೆ ಸೆರಗು ಸರಿಮಾಡಿಕೊಳ್ಳುವ ನೆವದಲ್ಲಿ ಪೂರ್ತಿ ತಿರುಗಿಬಿಡುತ್ತಿದ್ದಳು. ಒಂದು ಕಿವಿಯಲ್ಲಿ ಕೇಳಿ ಇನ್ನೊಂದರಲ್ಲಿ ಬಿಡುವ ಸೌಕರ್ಯ ಅವಳಿಗಿರಲಿಲ್ಲ. ಕೇಳಿದ್ದೆಲ್ಲ ಒಳಗೇ ಕೂತಿರುತ್ತಿತ್ತು. ಕೆಲಸಕ್ಕೆ ಮಾತ್ರ ತೊಂದರೆ ಆಗಿರಲಿಲ್ಲ. ಅಲ್ಲಿಯವರೆಗೆ ಆ ಕಾರ್ಖಾನೆಯ ರೆಕಾರ್ಡುಗಳಲ್ಲಿ ಎರಡು ಕಿವಿಗೂ ಬರುತ್ತಿದ್ದದ್ದು ಒಂದೇ ಸದ್ದು. ಒಂದು ಕಿವಿ ಇದ್ದವರಿಗೂ ಊಟ ಪೂರ್ತಿಯೇ.

ಈ ಆಲ್ಬಮ್ಮಿನ ಮೊದಲ ರೆಕಾರ್ಡು ಬಂದ ದಿನ ಮೂರನೆಯ ಹಾಡಿನ ನಡುವೆ ಗಾಯಕ ಸುಮ್ಮನಾದ. ಆಮೇಲೆ ಬರೀ ಮೌನ. ಅರ್ಧ ನಿಮಿಷ ಕಾದು, 'ಗಾಯಕಿ ಇಲ್ಲ' ಎಂದು ಚೀಟಿ ಬರೆಯಲು ಪೆನ್ಸಿಲು ಎತ್ತಿಕೊಂಡವಳಿಗೆ ಏನೋ ಹೊಳೆದು, ಹೆಡ್‌ಫೋನನ್ನು ತಿರುಗಿಸಿ ಹಾಕಿಕೊಂಡಳು. ಗಾಯಕಿ ಇದ್ದಳು. ಇಲ್ಲದಿದ್ದದ್ದು ಕಿವಿ.

ಅಂದಿನಿಂದ ಪ್ರತಿ ರೆಕಾರ್ಡನ್ನೂ ಎರಡು ಸಲ ಕೇಳುವುದು ಶುರುವಾಯಿತು. ಒಮ್ಮೆ ಸರಿಯಾಗಿ ಹಾಕಿಕೊಂಡು ಅವನನ್ನು, ಒಮ್ಮೆ ತಿರುಗುಮುರುಗಾಗಿ ಹಾಕಿಕೊಂಡು ಅವಳನ್ನು. ಇಬ್ಬರೂ ಒಟ್ಟಿಗೆ ಹಾಡಿದ್ದನ್ನು ಅವಳೊಬ್ಬಳೇ ಕೇಳಲಿಲ್ಲ.

ಅದೇ ವಾರ ಎಡಗಿವಿಯಲ್ಲಿ ಗುಂಯ್ ಎನ್ನುವ ಸದ್ದು ಶುರುವಾಯಿತು. ದೂರದಲ್ಲಿ ಎಲ್ಲೋ ಮೋಟಾರು ಓಡುತ್ತಿರುವ ಹಾಗೆ.

ಮನೆಯೆಂದರೆ ದರ್ಜಿ ಅಂಗಡಿಯ ಮೇಲಿನ ಎರಡು ಕೋಣೆ, ಅವಳು ಮತ್ತು ಅವಳ ಅಮ್ಮ. ಸಣ್ಣವಳಿದ್ದಾಗಿನಿಂದ ನೋಡಿದವರೆಲ್ಲ "ಥೇಟ್ ಅಮ್ಮನೇ" ಎನ್ನುತ್ತಿದ್ದರು: ಅದೇ ಮೂಗು, ಅದೇ ನಗು, ಅದೇ ನಡಿಗೆ. ಅಮ್ಮನಿಗೆ ಮೊದಲು ಬಲಗಿವಿ ಹೋಗಿತ್ತು. ಆಮೇಲೆ ಎಡಗಿವಿಯಲ್ಲಿ ಗುಂಯ್. ಅಲ್ಲಿಂದ ಹದಿನಾಲ್ಕು ತಿಂಗಳಿಗೆ ಅದೂ ಹೋಗಿತ್ತು. ಈಗ ಅಮ್ಮ ಎದುರಿನವರ ತುಟಿ ನೋಡಿ ಮಾತು ಹಿಡಿಯುತ್ತಿದ್ದಳು. ಹೊಗಳಿಕೆಯೊಂದು ತೀರ್ಪಿನ ಹಾಗೆ ಕೇಳಿಸತೊಡಗಿದ್ದು ಕಿವಿಯಕ್ಕನಿಗೆ ತನಗೂ ಗುಂಯ್ ಬಂದಾಗಲೇ.

ಒಂದು ಬೆಳಿಗ್ಗೆ ಕಾಫಿ ಕೊಡಲು ಬಗ್ಗಿದ ಮಗಳ ಗದ್ದ ಹಿಡಿದು ಅಮ್ಮ ಕೇಳಿದಳು: "ಅದು ಬಂತಾ?"

"ಯಾವುದು?"

"ನಾಲ್ಕು ದಿನದಿಂದ ತಲೆ ಓರೆ ಮಾಡ್ತಿದ್ದೀಯ. ನಾನೂ ಹಾಗೇ ಮಾಡ್ತಿದ್ದೆ. ಬಂತು ತಾನೇ?"

"ಇಲ್ಲಮ್ಮ. ಕುತ್ತಿಗೆ ಉಳುಕಿದೆ ಅಷ್ಟೇ."

"ಸುಳ್ಳು ಹೇಳಬೇಡ. ಕೇಳಿಸೋರ ಹತ್ರ ಹೇಳು. ನಂಗೆ ಸುಳ್ಳು ಕೇಳಿಸಲ್ಲ, ಕಾಣುತ್ತೆ."

ಮಗಳು ಲೋಟ ಇಟ್ಟು ಚಪ್ಪಲಿ ಹುಡುಕಿಕೊಂಡಳು.

ಕಾರ್ಖಾನೆಗೆ ಮೂರು ತಿಂಗಳ ಹಿಂದೆ ಹೊಸ ಮ್ಯಾನೇಜರು ಬಂದಿದ್ದರು. ಡ್ರಿಲ್ ಮಾಸ್ತರರ ಹಾಗೆ ಕೊರಳಿಗೆ ಸ್ಟಾಪ್‌ವಾಚು ನೇತುಹಾಕಿಕೊಂಡೇ ಇರುತ್ತಿದ್ದರಿಂದ ಗಡಿಯಾರ ಸಾಹೇಬರು ಎಂದು ಹೆಸರು ಬಿದ್ದಿತ್ತು. ಅವರು ಬಂದ ತಿಂಗಳೇ, ಲೇಬಲ್ ನೋಡುತ್ತಿದ್ದ ಹೆಂಗಸಿಗೆ ಕಣ್ಣು ಮಂಜು ಎಂದು ಗೊತ್ತಾಗಿ, ಅವಳನ್ನು ಮಧ್ಯಾಹ್ನದ ಊಟದ ಡಬ್ಬಿ ತೆರೆಯುವ ಮೊದಲೇ ಮನೆಗೆ ಕಳಿಸಿದ್ದರು. ಆ ಡಬ್ಬಿಯನ್ನು ಗೇಟಿನವರೆಗೆ ಹೊತ್ತುಕೊಂಡು ಹೋಗಿ ಕೊಟ್ಟು ಬಂದವಳು ಕಿವಿಯಕ್ಕ. ಆ ಹೆಂಗಸಿಗೆ ಗಂಡ ಇದ್ದ, ಮಕ್ಕಳು ದುಡಿಯುತ್ತಿದ್ದರು. ತನ್ನನ್ನು ಕಳಿಸಿದರೆ, ಎರಡು ಕೋಣೆಯಲ್ಲಿ ಎರಡು ಕಿವುಡು ಹೆಂಗಸರು ಎದುರುಬದುರು ಕೂತು ಒಬ್ಬರ ತುಟಿ ಒಬ್ಬರು ನೋಡುತ್ತಿರಬೇಕಾಗುತ್ತದೆ ಎಂದು ಅವಳು ದಾರಿಯುದ್ದಕ್ಕೂ ಯೋಚಿಸಿದ್ದಳು.

ಆ ಗಡಿಯಾರ ಸಾಹೇಬರೇ ಈ ದಿನ ಅವಳ ಬಾಗಿಲಲ್ಲಿ ನಿಂತಿದ್ದರು.

"ಇದು ನಲವತ್ತು ನಿಮಿಷದ ರೆಕಾರ್ಡು. ನಿಮಗೆ ಮಾತ್ರ ಎಂಬತ್ತು ನಿಮಿಷ ಹೇಗೆ ಆಗುತ್ತೆ?"

"ಹೊಸ ಥರದ್ದಲ್ವಾ ಸಾರ್. ಎರಡು ಸಲ ಕೇಳ್ತೀನಿ, ಧೈರ್ಯಕ್ಕೆ."

"ನಾನು ಹೇಳಿದ್ದನ್ನ ಒಂದೇ ಸಲಕ್ಕೆ ಕೇಳ್ತೀರಲ್ಲ. ಹಾಡಿಗೆ ಯಾಕೆ ಎರಡು ಸಲ?"

"ಹಾಡು ನಿಮ್ಮಷ್ಟು ಬಿಡಿಸಿ ಹೇಳಲ್ಲ, ಸಾರ್."

ಅವರು ನಗಲಿಲ್ಲ. ಕುರ್ಚಿ ತರಿಸಿ ಅವಳ ಎದುರಿಗೆ ಹಾಕಿಸಿಕೊಂಡರು. "ಇವತ್ತು ಇಲ್ಲೇ ಕೂತಿರ್ತೀನಿ. ಒಂದು ರೆಕಾರ್ಡು, ಒಂದೇ ಸಲ. ನಾಲ್ಕಕ್ಕೆ ಲಾರಿ ಬರುತ್ತೆ."

ಸ್ಟಾಪ್‌ವಾಚಿನ ಗುಂಡಿ ಒತ್ತಿದರು. ಹೆಡ್‌ಫೋನನ್ನು ಹೇಗೆ ಹಾಕಿಕೊಳ್ಳಬೇಕೋ ಹಾಗೆಯೇ ಹಾಕಿಕೊಂಡಳು. ಗಾಯಕ ಹಾಡಿದ. ಅವನು ನಿಲ್ಲಿಸಿದಲ್ಲಿ ಗುಂಯ್ ಒಂದೇ ಉಳಿಯಿತು. ಗಾಯಕಿಯ ಸರದಿ ಎಲ್ಲಿ ಶುರು, ಎಲ್ಲಿ ಮುಗಿಯುತ್ತದೆ ಎಂದು ಕಿವಿಯಕ್ಕನಿಗೆ ಬಾಯಿಪಾಠವಾಗಿತ್ತು. ಆ ಮೌನಕ್ಕೆ ತಲೆದೂಗಿದಳು. ಬೆರಳಿನಿಂದ ಮೇಜಿನ ಮೇಲೆ ತಾಳವನ್ನೂ ಹಾಕಿದಳು. ಮುಗಿದ ಮೇಲೆ ಟಿಕ್. ಸಾಹೇಬರು ಸಮಯ ನೋಡಿ "ನೋಡಿದ್ರಾ?" ಎಂದರು. ಎರಡನೆಯದಕ್ಕೂ ಟಿಕ್. ಮೂರು, ನಾಲ್ಕು, ಐದು. ಇಲ್ಲದ ಹಾಡಿಗೆ ಅಷ್ಟು ಚೆನ್ನಾಗಿ ತಲೆದೂಗುವವರು ಸಂಗೀತ ಕಚೇರಿಗಳಲ್ಲೂ ಬಹಳ ಮಂದಿ ಇರುತ್ತಾರೆ, ಆದರೆ ಅವರ ಟಿಕ್ಕಿಗೆ ಬೆಲೆ ಇಲ್ಲ.

ಆರನೆಯ ರೆಕಾರ್ಡು ಅರ್ಧಕ್ಕೆ ಬಂದಾಗ ಮೂರು ಗಂಟೆ ದಾಟಿತ್ತು. ಫೋನು ಬಂದಿದೆ ಎಂದು ಯಾರೋ ಬಾಗಿಲಲ್ಲಿ ಕೈಸನ್ನೆ ಮಾಡಿದರು. ಸಾಹೇಬರು ಎದ್ದು ಮೇಲಿನ ಆಫೀಸಿಗೆ ಹೋದರು.

ಅವರ ಬೆನ್ನು ಮರೆಯಾದ ಕೂಡಲೇ ಹೆಡ್‌ಫೋನು ತಿರುಗಿಸಿ, ಸೂಜಿಯನ್ನು ಮೂರನೆಯ ಹಾಡಿಗೆ ಇಟ್ಟಳು. ಗಾಯಕಿ ಒಬ್ಬಳೇ ಹಾಡುವ ಜಾಗ. ವಾದ್ಯಗಳೆಲ್ಲ ಹಿಂದೆ ಸರಿದು ಅವಳಿಗೆ ದಾರಿ ಬಿಟ್ಟಿದ್ದವು. ಟಕ್. ತಟ್ಟೆ ಒಂದು ಸುತ್ತು ಬಂತು. ಟಕ್. ಒಳಗೆ ಯಾರೋ ಹಾಡುತ್ತಿದ್ದರೆ ಹೊರಗಿನಿಂದ ಒಬ್ಬರು ಬೆರಳ ಗೆಣ್ಣಿನಿಂದ ಬಾಗಿಲು ಬಡಿದ ಹಾಗೆ, ಸುತ್ತು ಸುತ್ತಿಗೂ, ಅವಳ ಧ್ವನಿಯ ಮೇಲೆಯೇ.

ರೆಕಾರ್ಡು ಒತ್ತುವ ಅಚ್ಚು ಬಿರುಕು ಬಿಟ್ಟಿತ್ತು. ಸೂಜಿ ಓಡುವ ಗೀರಿನ ಒಂದು ಗೋಡೆಯಲ್ಲಿ ಎಡಗಡೆಯ ಸದ್ದು, ಇನ್ನೊಂದು ಗೋಡೆಯಲ್ಲಿ ಬಲಗಡೆಯದು; ಕೆಟ್ಟಿದ್ದು ಗಾಯಕಿಯ ಗೋಡೆ ಮಾತ್ರ. ಐದನೆಯದನ್ನು ಹಾಕಿ ನೋಡಿದಳು. ಟಕ್. ನಾಲ್ಕನೆಯದರಲ್ಲೂ ಇತ್ತು, ಮೂರನೆಯದರಲ್ಲೂ. ಎರಡನೆಯದು ಶುದ್ಧವಾಗಿತ್ತು. ಅಂದರೆ ಮೂರನೆಯದು ಬಂದ ಬೆಳಗಿನ ಹತ್ತರಿಂದ ಒತ್ತಿದ್ದೆಲ್ಲ ಹಾಳು, ಮತ್ತು ಅದರ ಮೇಲೆಲ್ಲ ಅವಳ ಟಿಕ್ಕು.

ಸುಮ್ಮನಿರಬಹುದಿತ್ತು. ಕೊಂಡವರು ಮೊದಲು ತಮ್ಮ ಸೂಜಿಯನ್ನು ಬೈಯುತ್ತಾರೆ, ಆಮೇಲೆ ಅಂಗಡಿಯವನನ್ನು. ಕಾರ್ಖಾನೆಗೆ ಸುದ್ದಿ ಮುಟ್ಟುವಷ್ಟರಲ್ಲಿ ತಿಂಗಳು ಕಳೆಯುತ್ತದೆ. ಒಂದು ತಿಂಗಳ ಅನ್ನ. ಕಿಟಕಿಯಿಂದ ನೋಡಿದರೆ ಲಾರಿ ಆಗಲೇ ಹಿಂದಕ್ಕೆ ಹಿಂದಕ್ಕೆ ಸರಿಯುತ್ತ ಅಂಗಳದೊಳಗೆ ಬರುತ್ತಿತ್ತು. ಆದರೆ ಹತ್ತೊಂಬತ್ತು ವರ್ಷದಲ್ಲಿ ಕೇಳಿಯೂ ಕೇಳದ ಹಾಗೆ ಅವಳು ಒಂದು ಟಿಕ್ಕನ್ನೂ ಹಾಕಿರಲಿಲ್ಲ. ಬೆಳಗಿನಿಂದ ಹಾಕಿದ್ದು ಕೇಳದೆ ಹಾಕಿದ ಟಿಕ್ಕು. ಈಗ ಕೇಳಿಸಿಬಿಟ್ಟಿತ್ತು.

ಅವಳು ಕಬ್ಬಿಣದ ಮೆಟ್ಟಿಲಿಳಿದು ಯಂತ್ರದ ಮನೆಗೆ ಹೋದಳು. ಆ ಆಲ್ಬಮ್ಮಿನ ಯಂತ್ರ ನಡೆಸುತ್ತಿದ್ದವನನ್ನು ಇಸ್ತ್ರಿ ಮಾವ ಎನ್ನುತ್ತಿದ್ದರು. ಬಿಸಿ ಪ್ಲಾಸ್ಟಿಕ್ಕಿನ ಮುದ್ದೆಯನ್ನು ಎರಡು ಅಚ್ಚಿನ ನಡುವೆ ಇಟ್ಟು ಚಪ್ಪಟೆ ಮಾಡುವುದು ಅವನ ಕೆಲಸ.

ಕಿವಿಯಕ್ಕ ಅವನನ್ನು ಎಡಕ್ಕೆ ಮಾಡಿಕೊಂಡು ನಿಂತಳು. "ಮಾವ, ಯಂತ್ರ ನಿಲ್ಲಿಸಿ. ಅಚ್ಚು ಬಿರಿದಿದೆ."

"ಯಾವಾಗಿಂದ?"

"ಹತ್ತು ಗಂಟೆಯಿಂದ."

ಮಾವನ ಕೈ ನಿಂತಿತು. "ಹತ್ತರಿಂದ ನಾಲ್ಕು ಪಾಸ್ ಮಾಡಿದ್ದೀಯಲ್ಲೇ."

"ಮೂರು. ಆರನೆಯದು ಅರ್ಧದಲ್ಲಿದೆ."

"ಕೇಳಿಸಲಿಲ್ವಾ?"

"ಬಲಗಿವಿ ಇಲ್ಲ ಮಾವ ನಂಗೆ. ಎರಡು ವರ್ಷ ಆಯ್ತು."

ಮಾವ ಅವಳನ್ನೇ ನೋಡಿದ. ಆಮೇಲೆ ಹತ್ತಿರ ಬಂದು, ಯಂತ್ರಗಳ ಸದ್ದಿನಲ್ಲಿ, ಎಡಗಿವಿಯ ಬುಡದಲ್ಲೇ ಹೇಳಿದ: "ಇದನ್ನ ನನಗೆ ಹೇಳಿದ್ದು ಸಾಕು. ಅಚ್ಚು ಈಗಷ್ಟೇ ಹೋಯ್ತು ಅಂತ ನಾನು ಹೇಳ್ತೀನಿ. ನಾನು ಬೈಸಿಕೊಂಡು ರೂಢಿ ಇರೋನು. ಸುಮ್ನೆ ಮೇಲೆ ಹೋಗಿ ಕೂತ್ಕೋ."

"ಈಗಷ್ಟೇ ಹೋಯ್ತು ಅಂದ್ರೆ ಆಗಲೇ ಕಟ್ಟಿರೋದೆಲ್ಲ ಲಾರಿ ಹತ್ತುತ್ತೆ."

"ಹತ್ಲಿ ಬಿಡು. ನಿಂಗೇನು ಗಾಯಕಿ ದೊಡ್ಡಮ್ಮನ ಮಗಳಾ?"

"ಅಲ್ಲ."

"ಮತ್ತೆ?"

ಅವಳು ಕೈ ಚಾಚಿ ಕೆಂಪು ಗುಂಡಿಯನ್ನು ತಾನೇ ಒತ್ತಿದಳು. ಯಂತ್ರ ಒಂದು ಉಸಿರು ಬಿಟ್ಟು ಬಾಯಿ ತೆರೆದುಕೊಂಡೇ ನಿಂತಿತು. ಪಕ್ಕದ ಮೂರು ಯಂತ್ರಗಳು ಬೇರೆ ಯಾರದೋ ಹಾಡುಗಳನ್ನು ಒತ್ತುತ್ತಲೇ ಇದ್ದವು. ಅಂಗಳದ ಕಡೆ ತಿರುಗಿ, ಪೆಟ್ಟಿಗೆ ಹೊರುತ್ತಿದ್ದವರಿಗೆ ಬೇಡ ಬೇಡ ಎಂದು ಎರಡು ಕೈಯನ್ನೂ ಬೀಸಿದಳು. ಅವರು ಪೆಟ್ಟಿಗೆಗಳನ್ನು ಕೆಳಗಿಟ್ಟು ಅವಳ ಕಡೆಗೇ ನೋಡಿದರು. ಆಮೇಲೆ ಅವಳ ಭುಜದ ಹಿಂದಕ್ಕೆ.

ಗಡಿಯಾರ ಸಾಹೇಬರು ಬಂದು ಅವಳ ಬಲಗಡೆ ನಿಂತಿದ್ದರು. ಅವರ ಕೈಯಲ್ಲಿ ಟಿಕ್ ಬಿದ್ದ ಕವರೊಂದಿತ್ತು. ತುಟಿ ಆಡುತ್ತಿತ್ತು. ಅವಳು ಸೆರಗಿಗೆ ಕೈ ಹಾಕಲಿಲ್ಲ, ತಿರುಗಲಿಲ್ಲ.

"ಈ ಕಡೆ ಬಂದು ಹೇಳಿ, ಸಾರ್. ಆ ಕಿವಿ ಕೇಳಿಸಲ್ಲ."

ಅವರು ಈ ಕಡೆ ಬರಲಿಲ್ಲ. ನಿಂತಲ್ಲೇ ಏನೋ ಹೇಳಿ ಮುಗಿಸಿ, ಕವರನ್ನು ಯಂತ್ರದ ಮೇಲಿಟ್ಟು, ಮೆಟ್ಟಿಲಿನ ಕಡೆಗೆ ನಡೆದರು.

"ಏನಂದ್ರು, ಮಾವ?"

ಇಸ್ತ್ರಿ ಮಾವ ಬಟ್ಟೆ ತೆಗೆದುಕೊಂಡು, ಆಗಲೇ ಒರೆಸಿದ್ದ ಅಚ್ಚನ್ನು ಮತ್ತೆ ಒರೆಸತೊಡಗಿದ.