ಹೊಗೆಸೊಪ್ಪಿನ ಅಂಟು

ಮೊನ್ನೆ ಹಾಸನಕ್ಕೆ ಹೋಗಿದ್ದೆ. ಮೊಮ್ಮಗಳು ಹೆತ್ತು ಎರಡು ತಿಂಗಳು. ಮಗುವಿಗೆ ಕೈ ಚಾಚಿದರೆ, 'ತಾತ, ಮೊದಲು ಕೈ ತೊಳ್ಕೊಂಡು ಬನ್ನಿ' ಎಂದಳು. ಸೋಪು ಹಚ್ಚಿ ನಲ್ಲಿಯ ಕೆಳಗೆ ಕೈ ಹಿಡಿದವನು ಎಷ್ಟು ಹೊತ್ತು ಹಾಗೇ ನಿಂತೆನೋ, ಕೊನೆಗೆ ಅವಳೇ ಬಂದು ನೀರು ನಿಲ್ಲಿಸಿದಳು.

ನಿಮಗೆ ಹೇಳಿಬಿಡುತ್ತೇನೆ. ಎಸ್ಸೆಸ್ಸೆಲ್ಸಿ ಮುಗಿಸಿ ಕೆಲವು ವರ್ಷ ನಾನು ಮಲ್ಲಿಪಟ್ಟಣದ ಹತ್ತಿರ ದೊಡ್ಡಪ್ಪನ ಹೊಗೆಸೊಪ್ಪು ಬೇಯಿಸಿ ಒಣಗಿಸುವ ಬ್ಯಾರನ್ನಿನಲ್ಲಿ ಮೇಲ್ವಿಚಾರಕನಾಗಿದ್ದೆ. ಶರ್ಟಿನ ಜೇಬಿಗೆ ಪೆನ್ನು ಸಿಕ್ಕಿಸಿಕೊಂಡು ನಿಲ್ಲುವುದೇ ಮುಖ್ಯ ಕೆಲಸ. ಹೆಂಗಸರು ಹಸಿ ಎಲೆಯನ್ನು ಕಡ್ಡಿಗೆ ಕಟ್ಟಬೇಕು. ಸಂಜೆಯೊಳಗೆ ಬ್ಯಾರನ್ ತುಂಬಿ ಬೆಂಕಿ ಹಾಕಬೇಕು. ಎಲೆಯ ಅಂಟು ಕೈಗೆ ಕಪ್ಪಗೆ ಮೆತ್ತಿಕೊಳ್ಳುತ್ತದೆ. ಬರೀ ನೀರಿಗೆ ಹೋಗುವುದಿಲ್ಲ, ಟೊಮೆಟೊ ಕಾಯಿ ಹಿಂಡಿ ತಿಕ್ಕಬೇಕು.

ಜಯಮ್ಮ ಹೆತ್ತು ತಿಂಗಳಾಗುವ ಮೊದಲೇ ಕೆಲಸಕ್ಕೆ ಬಂದಿದ್ದಳು. ಹೊಂಗೆ ಮರಕ್ಕೆ ಸೀರೆ ಕಟ್ಟಿ ಹೆಣ್ಣುಮಗುವನ್ನು ಮಲಗಿಸುತ್ತಿದ್ದಳು. ಅದೇ ತಿಂಗಳು ನನ್ನ ಹೆಂಡತಿಯೂ ಚನ್ನರಾಯಪಟ್ಟಣದ ತವರಿನಲ್ಲಿ ಬಾಣಂತಿ. ಕಿವಿಗೆ ಹತ್ತಿ, ದಿನಾ ಬಿಸಿನೀರು, ಮೆಣಸಿನ ಸಾರು. ಹಾಲು ಹೆಚ್ಚಲಿ ಎಂದು ನಾನೇ ಬೆಳ್ಳುಳ್ಳಿ ಆರಿಸಿ ಬಸ್ಸಿನಲ್ಲಿ ಕಳಿಸುತ್ತಿದ್ದೆ. ಅಷ್ಟು ತಿಳಿವಳಿಕೆಯವನು ನಾನು.

ಒಂದು ಮಧ್ಯಾಹ್ನ ಮಗು ಅತ್ತಿತು. ಜಯಮ್ಮ ಕೈ ತಿಕ್ಕಿಕೊಳ್ಳಲು ಟೊಮೆಟೊ ಗಿಡಗಳ ಕಡೆಗೆ ಹೊರಟಳು. ಹಾಲು ಕುಡಿಸಲು ಬೇಡವೆನ್ನುವುದಿಲ್ಲ, ಕೈ ತಿಕ್ಕುತ್ತ ಕೂರಲು ಹೊತ್ತಿಲ್ಲ ಎಂದು ತಡೆದೆ.

'ಕೈಯೆಲ್ಲ ಸೊಪ್ಪಿನ ಕಹಿ ಕಣಣ್ಣ. ಇಂಗೇ ಎತ್ಕಂಡ್ರೆ ಮಗ ಕುಡ್ಯಾಕಿಲ್ಲ.'

'ಹಸಿವಾದ್ರೆ ಕುಡೀತದೆ, ಹೋಗು' ಎಂದೆ.

ಕುಡಿಯಲಿಲ್ಲ. ಬಾಯಿಟ್ಟದ್ದೇ ಮುಖ ತಿರುಗಿಸಿ ಕಿರುಚಿತು. ಸೆರಗಿನಿಂದ ಎದೆ ಒರೆಸಿಕೊಂಡಳು, ಸೆರಗಿಗೂ ಅಂಟು. ಕೊನೆಗೆ ಹಾಲನ್ನು ನೆಲಕ್ಕೆ ಹಿಂಡಿ ಬಂದು ಮತ್ತೆ ಎಲೆ ಕಟ್ಟಲು ಕೂತಳು. ಸಂಜೆಯವರೆಗೂ ಮಗು ಅಳುತ್ತಲೇ ಇತ್ತು. ಬ್ಯಾರನ್ ಹೊತ್ತಿಗೆ ಸರಿಯಾಗಿ ತುಂಬಿತು. ದೊಡ್ಡಪ್ಪ ನನ್ನ ಬೆನ್ನು ತಟ್ಟಿದರು, ನಾನು ಹಿಗ್ಗಿದೆ.

ಹಾಸನದಿಂದ ಮರಳಿದವನು ಮಾರನೆಯ ದಿನವೇ ಜಯಮ್ಮನ ಮನೆ ವಿಚಾರಿಸಿಕೊಂಡು ಹೋದೆ. ಜಗುಲಿಯಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದಳು. ಎಲ್ಲ ಹೇಳಿ, ತಪ್ಪಾಯಿತು ಎಂದೆ. ಅವಳು ಸುಲಿಯುವುದನ್ನು ನಿಲ್ಲಿಸಲಿಲ್ಲ.

'ನನ್ನೇನು ಕೇಳೀರಿ? ಅವತ್ತು ಹಸ್ಕಂಡಿದ್ದೋಳು ಅವಳು. ಅವಳ್ನೇ ಕೇಳಿ.'

ಕಾಫಿ ತಂದ ಆ ಮಗಳಿಗೆ ಈಗ ಅರ್ಧ ಕೂದಲು ನರೆತಿದೆ. ಎದ್ದು ನಿಂತು ಮತ್ತೆ ಮೊದಲಿನಿಂದ ಹೇಳಿದೆ. ಎರಡನೆಯ ಸಲ ಹೇಳುವುದೇ ಕಷ್ಟವಾಯಿತು. ಅವಳು ಸಕ್ಕರೆ ಡಬ್ಬಿ ಕೈಗೆತ್ತಿಕೊಂಡಳು.

'ಅದಕ್ಕೇ ಏನೋ ಮಾವ, ನಂಗೆ ಕಾಪಿಗೆ ಸಕ್ರೆ ಜಾಸ್ತಿ' ಎಂದು ನಕ್ಕು, ನನ್ನ ಲೋಟಕ್ಕೂ ಇನ್ನೆರಡು ಚಮಚ ಸುರಿದಳು.

ನನಗೆ ಸಕ್ಕರೆ ಕಾಯಿಲೆ. ಹೇಳಲಿಲ್ಲ. ತಳದಲ್ಲಿ ಕರಗದೆ ಉಳಿದದ್ದನ್ನೂ ಬಿಡದೆ ಕುಡಿದೆ.