ನನ್ನ ಕಣ್ಣು, ಮಾಮಾನ ಬೆಲ್ಲ

ಸ್ನೇಹಿತರೇ, ನನ್ನ ಕಣ್ಣಿನ ಮೇಲಿದ್ದ ಆರೋಪ ಇವತ್ತು ಮಧ್ಯಾಹ್ನ ವಜಾ ಆಯಿತು!

ಹೋದ ವಾರ ಮಹಾಲಿಂಗಪುರದ ಹತ್ತಿರ ಮಾಮಾನ ಗಾಣದಲ್ಲಿ ನಾನು ನೋಡುತ್ತಿದ್ದಾಗಲೇ ಬೆಲ್ಲ ಗಟ್ಟಿಯಾಗದೆ ಅಂಟಂಟಾಗಿ ಉಳಿದಿತ್ತು. ಇವತ್ತು ಹೋದರೆ ಅತ್ತೆ ಬಾಗಿಲಲ್ಲೇ ತಡೆದರು. "ನಿನ್ನ ಕಣ್ಣು ಬಿದ್ದು ಬೆಲ್ಲ ಕೆಟ್ಟೈತಿ. ಒಳಗ ಬರಬ್ಯಾಡವಾ."

ಸಕ್ಕರೆ ಕಾರ್ಖಾನೆಯ ಲ್ಯಾಬಿನಲ್ಲಿ ದುಡಿಯುವವಳು ನಾನು. ಸಿಟ್ಟು ನೆತ್ತಿಗೇರಿತು.

"ಕಣ್ಣಲ್ಲರಿ ಅತ್ತಿ! ಆವತ್ತಿನ ಕಬ್ಬು ಕಾಲುವಿ ಕೆಳಗಿನ ಸವಳು ಹೊಲದ್ದು. ಆ ನೆಲದ ಉಪ್ಪು ಮೆಲಾಸಿಜೆನಿಕ್!"

ಆ ವಿಶೇಷಣವನ್ನು ಲ್ಯಾಬಿನ ಹೊರಗೆ ಬಳಸಿದ್ದು ಅದೇ ಮೊದಲು. ಮಾಮಾ ನಕ್ಕರು. "ಅಂದ್ರ ಏನವಾ ಅದು?"

"ತಾನೂ ಸಕ್ಕರಿ ಆಗೂದಿಲ್ಲ, ಇದ್ದ ಸಕ್ಕರಿಗೂ ಹರಳಾಗಾಕ ಬಿಡೂದಿಲ್ಲ. ಅಂಥಾದ್ದಕ್ಕ ಹಂಗ ಅಂತಾರ. ಇವತ್ತು ಸವಳಿಲ್ಲದ ಮಡ್ಡಿ ಹೊಲದ ಕಬ್ಬು ಹಾಕ್ರಿ. ನಾ ನೋಡ್ಕೋತ ನಿಂದರ್ತೀನಿ."

ಹಾಕಿದರು. ರಸ ಕುದಿಯುವಷ್ಟು ಹೊತ್ತೂ ಕೊಪ್ಪರಿಗೆಯ ಮುಂದೆ ನಿಂತು, ಅತ್ತೆಗೆ ಕಾಣುವ ಹಾಗೆ ಕಣ್ಣರಳಿಸಿ ನೋಡಿದೆ. ಬೆಲ್ಲ ಆರಿದ ಮೇಲೆ ಮಾಮಾ ಒಂದು ಪೆಂಟೆಯನ್ನು ಬೆರಳಿನಿಂದ ಬಡಿದರು. ಕಲ್ಲಿನ ಹಾಗಿತ್ತು!

ಮಾಮಾ ತಕ್ಷಣ ಪಕ್ಕದ ಗಾಣದವರಿಗೆ ಫೋನ್ ಹಚ್ಚಿ, "ಸವಳು ಕಬ್ಬು ಬ್ಯಾಡೋ, ಅದು ಮೆಲಾಸಿಜೆನಿಕ್ ಐತಿ" ಎಂದು ತಾವೇ ಕಂಡುಹಿಡಿದವರಂತೆ ಪಾಠ ಶುರುಮಾಡಿದರು.

ಅತ್ತೆ ಮಾತ್ರ ಆ ಪೆಂಟೆಯನ್ನು ನನ್ನ ಕೈಗಿಟ್ಟು ಪಿಸುಗುಟ್ಟಿದರು: "ನಿನ್ನ ಕಣ್ಣು ಭಾಳ ಛಲೋ ಐತಿ ನೋಡವಾ. ನಾಳಿನೂ ಬಂದು ನಿಂದ್ರು."

ನಾಳೆಗೆ ರಜೆ ಹಾಕಿದ್ದೇನೆ.