ಒಂಟಿ ಮೆಷಿನ್ ಮುನಿರಾಮಯ್ಯ

ಕೆಂಗೇರಿಯ ಟೂರಿಂಗ್ ಟಾಕೀಸಿನಲ್ಲಿ ನಾನು ಗೇಟಿನ ಬಳಿ ಟಿಕೆಟ್ ಹರಿಯುತ್ತಿದ್ದೆ. ಮುನಿರಾಮಯ್ಯ ಆಪರೇಟರ್. ಇಬ್ಬರಲ್ಲಿ ಡೈರೆಕ್ಟರ್ ಆಗುವ ಲಕ್ಷಣ ಇದ್ದದ್ದು ನನಗೇ ಎಂದು ಇವತ್ತಿಗೂ ನಂಬಿದ್ದೇನೆ. ಆದದ್ದು ಮಾತ್ರ ಅವನು.

ಟೆಂಟಿನಲ್ಲಿದ್ದದ್ದು ಒಂದೇ ಮೆಷಿನ್. ಒಂದು ರೀಲು ಮುಗಿದರೆ ದೀಪ ಹಾಕಿ, ಇನ್ನೊಂದು ರೀಲು ಏರಿಸಿ, ಮತ್ತೆ ದೀಪ ಆರಿಸಬೇಕು. ಅಷ್ಟರಲ್ಲಿ ಜನ ಎದ್ದು ಹೊರಗಿನ ಗುಡಾಣದಲ್ಲಿ ನೀರು ಕುಡಿದು ಬರುತ್ತಿದ್ದರು. ರೀಲಿಗೆ ಕಥೆಯ ಹಂಗಿಲ್ಲವಲ್ಲ, ಖಳನಾಯಕ ಚೂರಿ ಎತ್ತಿದ ಗಳಿಗೆಯಲ್ಲೇ ಮುಗಿದುಬಿಡುತ್ತಿತ್ತು. ಜನ ಮುನಿರಾಮಯ್ಯನ ವಂಶವನ್ನೆಲ್ಲ ಜಾಲಾಡುತ್ತಿದ್ದರು.

"ಕಥೆ ಬರೆಯೋವ್ರಿಗೆ ಬುದ್ಧಿ ಬೇಡ್ವೇನೋ? ರೀಲು ಮುಗಿಯೋ ಹೊತ್ಗೆ ಜನ ನೆಮ್ಮದಿಯಾಗಿ ಏಳೋ ಹಂಗೆ ಬರೀಬೇಕು ಕಣೋ!" ಎಂದು ಅವನು ನನ್ನ ಮೇಲೆ ಹರಿಹಾಯುತ್ತಿದ್ದ, ನಾನೇ ಬರೆದವನ ಹಾಗೆ.

ಐವತ್ತೆರಡನೇ ಇಸವಿಯಲ್ಲಿ ಮದರಾಸಿಗೆ ಹೋದ. ಸ್ಟುಡಿಯೋದಲ್ಲಿ ಫಿಲ್ಮ್ ಕತ್ತರಿಸಿ ಅಂಟಿಸುವ ಕೆಲಸ. ನಾಲ್ಕು ವರ್ಷ ಅಂಟು ಮೆತ್ತಿಕೊಂಡ ಮೇಲೆ, ಕಷ್ಟಪಡುವುದನ್ನೇ ಕಸುಬು ಮಾಡಿಕೊಂಡ ಒಬ್ಬ ತಾಯಿಯ ಕಥೆ ಬರೆದ. ರಾಜಾಜಿನಗರದ ಮರದ ವ್ಯಾಪಾರಿ ದೊಡ್ಡಣ್ಣನಿಗೆ ಅದನ್ನು ಅತ್ತು ಅತ್ತು ಹೇಳಿದ. ದೊಡ್ಡಣ್ಣನೂ ಅತ್ತು ಪ್ರೊಡ್ಯೂಸರ್ ಆಗಿಬಿಟ್ಟ. ಡೈರೆಕ್ಷನ್ನೂ ಮುನಿರಾಮಯ್ಯನದೇ.

ಪಿಕ್ಚರ್ ಬಿಡುಗಡೆಯಾದದ್ದು ಸಿಟಿಯ ದೊಡ್ಡ ಥಿಯೇಟರಿನಲ್ಲಿ. ಅಲ್ಲಿ ಎರಡು ಮೆಷಿನ್, ರೀಲು ಬದಲಾದದ್ದೇ ತಿಳಿಯುವುದಿಲ್ಲ. ತಾಯಿಯ ಕಾಲು ಹಿಡಿದು ಅಳುತ್ತಿದ್ದ ನಾಯಕ ತಟ್ಟನೆ ಎದ್ದು, "ಇರಮ್ಮ, ನೀರು ಕುಡಿದು ಬರ್ತೀನಿ" ಎಂದು ಹೊರಟ. ಮರುಕ್ಷಣವೇ ಬಾಯಿ ಒರೆಸಿಕೊಂಡು ಬಂದ. ಮುಂದಿನ ರೀಲಿನ ಕೊನೆಗೆ ಖಳನಾಯಕನೂ ಹೋಗಿ ಬಂದ. ಗಲ್ಲು ಶಿಕ್ಷೆ ಓದಬೇಕಾಗಿದ್ದ ಜಡ್ಜ್ ಕೂಡ ಕನ್ನಡಕ ತೆಗೆದಿಟ್ಟು ನೀರಿಗೆ ಎದ್ದಾಗ ಥಿಯೇಟರ್ ಬಿದ್ದು ಬಿದ್ದು ನಕ್ಕಿತು. ಮುನಿರಾಮಯ್ಯನ ಪಾಲಿಗೆ ಪ್ರಪಂಚಕ್ಕೆಲ್ಲ ಒಂದೇ ಮೆಷಿನ್! ನಾನೂ ನಕ್ಕೆ, ಪಕ್ಕದಲ್ಲಿ ಅವನ ಮುಖ ನೋಡಿ ನಾಚಿಕೆಯಾಯಿತು. ನಾಲ್ಕೇ ದಿನಕ್ಕೆ ಪಿಕ್ಚರ್ ಎತ್ತಿದರು.

"ಕೆಂಗೇರಿ ಟೆಂಟಲ್ಲಿ ಹಾಕ್ಸಿ ನೋಡ್ತೀನಿ. ಅಲ್ಲೂ ನಕ್ರೆ ನೀನು ವಾಪಸ್ ಮೆಷಿನ್ ತಿರುಗ್ಸು, ನಾನು ಮರ ಕುಯ್ತೀನಿ. ಅತ್ರೆ ಇನ್ನೊಂದು ಪಿಕ್ಚರ್" ಎಂದ ದೊಡ್ಡಣ್ಣ.

ಭಾನುವಾರದ ಮೊದಲ ಆಟಕ್ಕೆ ಮುನಿರಾಮಯ್ಯ ಬೇರೆಯವರನ್ನು ನಂಬದೆ ತಾನೇ ಮೆಷಿನ್ ಮುಂದೆ ನಿಂತ. ನಾಯಕ ನೀರಿಗೆ ಹೋದ, ದೀಪ ಬಂತು, ಜನವೂ ಹೋದರು. ನಾಯಕ ಬಂದ, ಜನವೂ ಬಾಯಿ ಒರೆಸಿಕೊಂಡು ಬಂದು ಕೂತರು. ಒಬ್ಬರೂ ನಗಲಿಲ್ಲ. ಜಡ್ಜ್ ಎದ್ದಾಗಲಂತೂ, ಪಾಪ, ಅವರಿಗೂ ಬಾಯಾರುತ್ತೆ ಎಂದರು.

ಕೊನೆಯ ರೀಲಿಗೆ ಮುಂಚೆ ತಾಯಿ ಕಣ್ಣು ಮುಚ್ಚಿ ಮಲಗಿದ್ದಾಳೆ. ನಾಡಿ ಹಿಡಿದಿದ್ದ ಡಾಕ್ಟರು, "ನೀರು ಕುಡಿದು ಬರ್ತೀನಿ" ಎಂದು ಹೊರಟರು. ದೀಪ ಬಂತು.

ಒಬ್ಬರೂ ಏಳಲಿಲ್ಲ.

ನಾನು ಗೇಟಿನಿಂದಲೇ ಒಳಗೆ ಇಣುಕಿದೆ. ಆಗ ಹೆಂಗಸರ ಕಡೆಯಿಂದ, ಹುಲ್ಲು ಮಾರುವ ಮುನಿತಾಯಮ್ಮ ಸೆರಗಿನಲ್ಲಿ ಮೂಗು ಒರೆಸಿಕೊಳ್ಳುತ್ತಾ ಎದ್ದು ಕಿರುಚಿದಳು: "ಲೇ ಆಪರೇಟ್ರು! ಆಯಮ್ಮ ಬದುಕ್ತಾಳೋ ಇಲ್ವೋ ಬೇಗ ಹಾಕಿ ತೋರ್ಸೋ! ಆ ಡಾಕ್ಟ್ರಿಗೆ ಈಗ್ಲೇ ಬಾಯಾರ್ಬೇಕಾ, ಅವನ ಗಂಟಲು ಸೇದೋಗ!"

ಇಷ್ಟಾದರೂ ದೀಪ ಆರಲಿಲ್ಲ. ಮೆಷಿನ್ ರೂಮಿಗೆ ಓಡಿ ಹೋಗಿ ನೋಡಿದರೆ, ಕಣ್ಣು ಮುಚ್ಚಿಕೊಂಡೇ ರೀಲು ಏರಿಸಬಲ್ಲ ಮುನಿರಾಮಯ್ಯ ಇವತ್ತು ಎಷ್ಟು ಸಲ ಸಿಕ್ಕಿಸಿದರೂ ಫಿಲ್ಮ್ ಮೆಷಿನ್ನಿನ ಹಲ್ಲಿಗೆ ಕೂರುತ್ತಿಲ್ಲ. "ಬೈತಾವ್ರೆ ಕಣೋ, ಕೇಳಿಸ್ಕೊಂಡ್ಯಾ? ನಗ್ತಿಲ್ಲ, ಬೈತಾವ್ರೆ!" ಎಂದು ಗಳಗಳ ಅಳುತ್ತಿದ್ದಾನೆ. ಕೊನೆಗೆ ರೀಲು ಏರಿಸಿದ್ದು ನಾನೇ.

ಆಟ ಮುಗಿದ ಮೇಲೆ ದೊಡ್ಡಣ್ಣ ಅತ್ತು ಅತ್ತು ಕೆಂಪಾದ ಕಣ್ಣು ಒರೆಸಿಕೊಳ್ಳುತ್ತಾ ಬಂದು ಬಾಗಿಲಲ್ಲಿ ನಿಂತ. "ಮುಂದಿನ ಪಿಕ್ಚರಲ್ಲಿ ನೀರು ಬೇಡ ಕಣಯ್ಯಾ" ಎಂದ.

ಮುನಿರಾಮಯ್ಯ ಜೀವಮಾನದಲ್ಲಿ ಮೊದಲ ಸಲ ವಾದ ಮಾಡದೆ ಹ್ಞೂಂ ಅಂದ.